ಅಂಚಿನ ಗೀಚು

ಗೂಢಚಾರರ ಕಡತವೆಂದರೆ ಸಿನಿಮಾದಷ್ಟು ರೋಚಕ ಅಂದುಕೊಂಡವರು ಲಂಡನ್ನಿನ ಕ್ಯೂನಲ್ಲಿರುವ ನ್ಯಾಷನಲ್ ಆರ್ಕೈವ್ಸ್‌ಗೆ ಒಮ್ಮೆ ಹೋಗಬೇಕು. ಓದುವ ಕೋಣೆಗೆ ಪೆನ್ನು ಬಿಡುವುದಿಲ್ಲ, ಪೆನ್ಸಿಲ್ಲೇ ಗತಿ. ಕಟ್ಟು ಬಿಚ್ಚಿದರೆ ಸಂಬಳ, ಬಡ್ತಿ, ವರದಿ, ಮರುವರದಿ. ನನಗೆ ರುಚಿಸುವುದೂ ಈ ಗುಮಾಸ್ತಗಿರಿಯೇ. ಸುಳ್ಳನ್ನೇ ಕಸುಬು ಮಾಡಿಕೊಂಡವರ ಬಗ್ಗೆ ನಿಜ ತಿಳಿಯಬೇಕಾದರೆ, ಆಕಳಿಸುತ್ತ ತಾರೀಖು ಹಾಕಿ ಸಹಿ ಮಾಡಿದವನನ್ನೇ ನಂಬಬೇಕು.

ನೂರ್ ಇನಾಯತ್ ಖಾನ್ ಕಡತವನ್ನೇ ನೋಡಿ. ಟಿಪ್ಪುವಿನ ವಂಶದ ಕುಡಿ ಎಂದು ನಮ್ಮಲ್ಲಿ ಹೆಮ್ಮೆಪಟ್ಟು ಅಲ್ಲಿಗೇ ನಿಲ್ಲಿಸುತ್ತಾರೆ. ಅದೊಂದು ನನ್ನ ಸಣ್ಣ ತಕರಾರು. ಬ್ರಿಟನ್ನಿನ ಗುಪ್ತ ಸಂಸ್ಥೆ ಎಸ್‌ಒಇ 1943ರ ಜೂನ್‌ನಲ್ಲಿ ಆಕೆಯನ್ನು ರೇಡಿಯೋ ಆಪರೇಟರ್ ಆಗಿ ಜರ್ಮನ್ನರ ವಶದಲ್ಲಿದ್ದ ಫ್ರಾನ್ಸಿಗೆ ಕಳಿಸಿತು. ಅದಕ್ಕೆ ಮೊದಲು ತರಬೇತಿಯವರು ಬರೆದ ವರದಿಯಲ್ಲಿ ಬುದ್ಧಿಯೇನೂ ಅತಿಯಾಗಿಲ್ಲ, ಮನಸ್ಸು ಚಂಚಲ, ಈ ಕೆಲಸಕ್ಕೆ ಒಗ್ಗುವುದು ಅನುಮಾನ ಎಂದಿದೆ. ಅದರ ಅಂಚಿನಲ್ಲಿ ಫ್ರೆಂಚ್ ವಿಭಾಗದ ಮುಖ್ಯಸ್ಥ ಮಾರಿಸ್ ಬಕ್‌ಮಾಸ್ಟರ್ 'ನಾನ್ಸೆನ್ಸ್' ಎಂದು ಗೀಚಿದ್ದಾರೆ. ಆ ಒಂದು ಗೀಚಿನಲ್ಲಿ ಇಡೀ ಕಚೇರಿಯ ಒಳಜಗಳ ಕೇಳಿಸುತ್ತದೆ. ಗೆದ್ದದ್ದು ಅಂಚು. ಆಕೆ ಹೋದಳು, ಜೊತೆಗಾರರು ಒಬ್ಬೊಬ್ಬರಾಗಿ ಸಿಕ್ಕಿಬಿದ್ದರೂ ವಾಪಸು ಬರಲು ಒಪ್ಪದೆ ಅಕ್ಟೋಬರ್‌ವರೆಗೆ ಪ್ಯಾರಿಸ್‌ನಿಂದ ಸಂದೇಶ ಕಳಿಸಿದಳು. ಕೊನೆಗೆ ತಾನೂ ಸಿಕ್ಕಿಬಿದ್ದಳು.

ಎರಡು ಕಾಗದ ಒಂದಕ್ಕೊಂದು ತಿರುಗಿಬಿದ್ದಾಗ ಈ ಕೆಲಸದ ನಿಜವಾದ ಸುಖ ಶುರು. ಯುದ್ಧ ಮುಗಿದ ಮೇಲೆ ಕಾಣೆಯಾದ ಏಜೆಂಟರನ್ನು ಹುಡುಕಿಕೊಂಡು ಜರ್ಮನಿಗೆ ಹೋದ, ಬಕ್‌ಮಾಸ್ಟರ್ ವಿಭಾಗದವರೇ ಆದ ವೆರಾ ಆಟ್ಕಿನ್ಸ್, 1944ರ ಜುಲೈ 6ರಂದು ನಾಟ್ಸ್‌ವೈಲರ್ ಶಿಬಿರದಲ್ಲಿ ಕೊಂದ ನಾಲ್ವರು ಹೆಂಗಸರಲ್ಲಿ ನೂರ್ ಒಬ್ಬಳು ಎಂದು ತೀರ್ಮಾನಿಸಿದ್ದರು. ಅಷ್ಟರಲ್ಲಿ ಫ್ರಾನ್ಸಿನ ಒಬ್ಬ ಮಾಜಿ ಕೈದಿಯ ಪತ್ರ ಬಂತು. ಫೋರ್ಟ್ಸ್‌ಹೈಮ್ ಜೈಲಿನಲ್ಲಿ ಬೇಡಿ ತೊಡಿಸಿ ಒಂಟಿಯಾಗಿಟ್ಟಿದ್ದ ಹೆಂಗಸೊಬ್ಬಳು ಊಟದ ತಟ್ಟೆಯ ತಳದಲ್ಲಿ ಅಕ್ಷರ ಕೆರೆದು ಪಕ್ಕದವರೊಡನೆ ಮಾತಾಡುತ್ತಿದ್ದಳಂತೆ. ಹೆಸರು ನೋರಾ ಬೇಕರ್. ಬೇಕರ್ ಎಂಬುದು ನೂರ್ ತಾಯಿಯ ತವರಿನ ಹೆಸರು! ಆಟ್ಕಿನ್ಸ್ ಮತ್ತೆ ಕೆದಕಿದರು. ಆ ನೋರಾ ಸೆಪ್ಟೆಂಬರ್‌ವರೆಗೂ ಅದೇ ಜೈಲಿನಲ್ಲಿದ್ದಳೆಂದಾಯಿತು. ಜುಲೈನಲ್ಲಿ ಸತ್ತವಳು ಸೆಪ್ಟೆಂಬರ್‌ನಲ್ಲಿ ಜೈಲಿನಲ್ಲಿರುವುದು ಹೇಗೆ? ಹೀಗೆ ಜಾಡು ಡಾಖೌ ಶಿಬಿರ ತಲುಪಿತು. ಆಕೆಯನ್ನು ಅಲ್ಲಿ ಕೊಂದದ್ದು 1944ರ ಸೆಪ್ಟೆಂಬರ್ 13ರಂದು.

ಸರಿ, ಹಾಗಾದರೆ ನಾಟ್ಸ್‌ವೈಲರ್‌ನ ನಾಲ್ಕನೆಯವಳು ಯಾರು? ಕಥೆ ಬರೆಯುವವರು ನೂರ್ ಹಿಂದೆ ಡಾಖೌಗೆ ಓಡುತ್ತಾರೆ. ನನ್ನಂಥವರು ಮಾತ್ರ ಖಾಲಿಯಾದ ಆ ಜಾಗ ಬಿಟ್ಟು ಅಲುಗುವುದಿಲ್ಲ. ಅವಳು ಸೋನಿಯಾ ಓಲ್ಶಾನೆಟ್ಸ್ಕಿ ಎಂದು 1958ರಲ್ಲಿ ತನ್ನ ಪುಸ್ತಕದಲ್ಲಿ ತೋರಿಸಿದ್ದು ಎಲಿಜಬೆತ್ ನಿಕೋಲಸ್ ಎಂಬ ಲೇಖಕಿ. ಸೋನಿಯಾ ಫ್ರಾನ್ಸಿನಲ್ಲೇ ಕೆಲಸಕ್ಕೆ ಸೇರಿದವಳು, ಇಂಗ್ಲೆಂಡಿನಲ್ಲಿ ತರಬೇತಿ ಪಡೆದವಳಲ್ಲ. ಆಟ್ಕಿನ್ಸ್ ಹುಡುಕುತ್ತಿದ್ದುದು ಲಂಡನ್ನಿನಿಂದ ಹೋದವರನ್ನು.