ಕುಂಬಳಕಾಯಿಯ ಮೊದಲ ಹೋಳು

ಕುಂಬಳಕಾಯಿ ಕಳ್ಳನೆಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಈ ಗಾದೆಯ ಕೀರ್ತಿಯೆಲ್ಲ ಬೂದುಗುಂಬಳದ್ದು. ಹೆಗಲಿಗೆ ಬೂದಿ ಮೆತ್ತುವುದು ಅದೇ. ಅದರ ಬಂಧು ಸಿಹಿಗುಂಬಳಕ್ಕೆ ಗಾದೆಯ ಗೌರವ ದೊರೆಯದಿದ್ದರೂ ಸಂಕ್ರಾಂತಿಯ ಎಲೆಯ ಮೇಲೆ ಅದರದೇ ದರ್ಬಾರು. ಹುಗ್ಗಿಯ ಪಕ್ಕದಲ್ಲಿ ಬೆಲ್ಲದ ಪಾಕದಿಂದ ಮಿನುಗುವ ಅದರ ಹೋಳುಗಳಿಲ್ಲದೆ ನಮ್ಮ ಮನೆಯಲ್ಲಿ ಹಬ್ಬದೂಟವೆಂಬುದೇ ಇಲ್ಲ.

ನಮ್ಮೂರು ಅರಕಲಗೂಡು ತಾಲ್ಲೂಕಿನ ರುದ್ರಪಟ್ಟಣ. ಕಾವೇರಿಯ ದಡದ ಈ ಊರನ್ನು ನಾಡು ಬಲ್ಲುದು ಸಂಗೀತದಿಂದ. ಆರ್. ಕೆ. ಶ್ರೀಕಂಠನ್ ಅವರು 1920ರಲ್ಲಿ ಹುಟ್ಟಿದ್ದು ಇಲ್ಲಿಯೇ. ತಂಬೂರಿಯ ಆಕಾರದ ದೇವಾಲಯವೂ ಇಲ್ಲುಂಟು. ಇಂತಹ ಊರಿನಲ್ಲಿ ಹಾಡಲು ಬಾರದವರೂ ಶ್ರುತಿಯ ಮಾತನ್ನಾಡುತ್ತಾರೆ. ನಮ್ಮ ತಂದೆಯವರ ಸಂಗೀತಜ್ಞಾನವೆಲ್ಲ ಪ್ರಕಟವಾಗುತ್ತಿದ್ದುದು ಕುಂಬಳಕಾಯಿಯ ಮೇಲೆ. ಅಟ್ಟದಿಂದ ಕಾಯಿಯನ್ನು ಇಳಿಸಿ, ಬೆರಳ ಗೆಣ್ಣಿನಿಂದ ತಟ್ಟಿ, ಕಿವಿಗೊಟ್ಟು ಆಲಿಸಿ, "ಇದು ಶ್ರುತಿ ಸೇರಿದೆ" ಎನ್ನುತ್ತಿದ್ದರು. ತೊಟ್ಟು ಒಣಗಿದ್ದು, ತಟ್ಟಿದಾಗ ಗಂಭೀರವಾಗಿ ನುಡಿದರೆ ಕಾಯಿ ಬಲಿತಿದೆಯೆಂದೇ ಅರ್ಥ.

ಮಾಡುವ ಕ್ರಮ ಸರಳ, ಆದರೆ ತಾಳ್ಮೆಯನ್ನು ಬೇಡುವಂಥದು. ಒಂದು ಕಿಲೋ ಕಾಯಿಯನ್ನು ಸಿಪ್ಪೆ ತೆಗೆಯದೆ ದಪ್ಪ ಹೋಳುಗಳಾಗಿ ಹೆಚ್ಚಬೇಕು; ಸಿಪ್ಪೆಯಿದ್ದರೆ ಹೋಳು ಕರಗಿ ಮುದ್ದೆಯಾಗದು. ತುಪ್ಪ ಸವರಿದ ದಪ್ಪ ತಳದ ಪಾತ್ರೆಯಲ್ಲಿ, ನೀರು ಹಾಕದೆ, ಮುಚ್ಚಿಡಬೇಕು. ಕಾಯಿ ತನ್ನ ನೀರಿನಲ್ಲಿ ತಾನೇ ಬೇಯುತ್ತದೆ. ಅಜ್ಜಿಯ ಕಾಲದಲ್ಲಿ ಪಾತ್ರೆಯನ್ನು ಕೆಂಡದ ಮೇಲಿಟ್ಟು ಮುಚ್ಚಳದ ಮೇಲೂ ಕೆಂಡ ಹರಡುತ್ತಿದ್ದರು. ಈಗ ಗ್ಯಾಸ್ ಒಲೆಯ ಸಣ್ಣ ಉರಿ. ಹೋಳು ಮೆತ್ತಗಾದ ಮೇಲೆಯೇ ಕಾಲು ಕಿಲೋ ಬೆಲ್ಲ. ಮೊದಲೇ ಹಾಕಿದರೆ ಹೋಳು ಬಿರುಸಾಗಿಯೇ ಉಳಿದೀತು. ಪಾಕ ಹತ್ತಿಕೊಂಡಾಗ ಕಾಯಿತುರಿ, ಹುರಿದ ಎಳ್ಳು, ಏಲಕ್ಕಿ. ಅಷ್ಟೇ.

ಅಮೆರಿಕದವರು ನವೆಂಬರ್ ತಿಂಗಳ ನಾಲ್ಕನೆಯ ಗುರುವಾರ ಆಚರಿಸುವ ಹಬ್ಬದಲ್ಲಿ ಇದೇ ಜಾತಿಯ ಕಾಯಿಗೆ ಬೆಣ್ಣೆ, ಸಕ್ಕರೆ ಸವರಿ ಓವನ್ನಿನಲ್ಲಿ ಬೇಯಿಸುವುದುಂಟು. ಅದು ನ್ಯಾಯವೇ, ಸಿಹಿಗುಂಬಳದ ತವರು ಅಮೆರಿಕ ಖಂಡ. 1492ರಲ್ಲಿ ಕೊಲಂಬಸ್ ಆ ಕಡೆಯ ನೆಲ ಮುಟ್ಟಿದ ಮೇಲೆಯೇ ಅದು ಕಡಲು ದಾಟಿ ನಮ್ಮತ್ತ ಬಂದದ್ದು.

ಹೀಗೆ ಅತಿಥಿಯಾಗಿ ಬಂದ ಕಾಯಿಗೂ ನಮ್ಮವರು ಒಂದು ಕಟ್ಟಳೆ ಮಾಡಿದರು: ಇಡೀ ಕಾಯಿಯನ್ನು ಹೆಂಗಸರು ಹೆಚ್ಚಬಾರದು, ಮೊದಲ ಏಟು ಗಂಡಸಿನದು. ಬಲಿಗೆ ಬದಲಾಗಿ ಬೂದುಗುಂಬಳವನ್ನು ಒಡೆಯುವ ಪದ್ಧತಿಯಿಂದ ಈ ನಿಷೇಧ ಇದಕ್ಕೂ ಅಂಟಿಕೊಂಡಿರಬೇಕೆಂದು ನನ್ನ ಊಹೆ. ತಂದೆಯವರು ಇರುವವರೆಗೆ ಆ ಕಟ್ಟಳೆ ಯಾರಿಗೂ ಭಾರವಾಗಿರಲಿಲ್ಲ.

ಅವರು ತೀರಿಕೊಂಡ ವರ್ಷ ಮನೆಯಲ್ಲಿ ಹಬ್ಬವಿರಲಿಲ್ಲ. ದೊಡ್ಡ ಮನೆಯಲ್ಲಿ ಅಮ್ಮ ಒಬ್ಬರೇ ಉಳಿದರು. ಮರುವರ್ಷದ ಸಂಕ್ರಾಂತಿಗೆ ನಾವು ಮೈಸೂರಿನಿಂದ ಹೋದಾಗ, ಕಾಯಿಯನ್ನು ನಡುಮನೆಯಲ್ಲಿಟ್ಟು ನನಗಾಗಿ ಕಾದಿದ್ದರು. ನಾನು ಕತ್ತಿಗೆ ಕೈಹಾಕುವಷ್ಟರಲ್ಲಿ ಎಂಟು ವರ್ಷದ ಮಗಳು, "ನಾನು ಹೆಚ್ಚಲಾ, ಅಜ್ಜಿ?" ಎಂದಳು. ನನ್ನ ಹೆಂಡತಿ ಕಣ್ಣಿನಲ್ಲಿಯೇ ಬೇಡವೆಂದಳು. ಅಮ್ಮ ಸ್ವಲ್ಪ ಹೊತ್ತು ಮಾತನಾಡಲಿಲ್ಲ. ಗೋಡೆಯ ಮೇಲಿನ ಪಟವನ್ನೊಮ್ಮೆ ನೋಡಿ, "ಮೊದಲು ತಟ್ಟಿ ನೋಡೇ, ಶ್ರುತಿ ಸೇರಿದೆಯಾ ಅಂತ" ಎಂದರು. ಮಗು ತಟ್ಟಿತು. ಅವಳ ಕೈಯ ಮೇಲೆ ತಮ್ಮ ಕೈಯಿಟ್ಟು ಅಮ್ಮ ಕತ್ತಿಯನ್ನು ಒತ್ತಿದರು.

ಕುಂಬಳಕಾಯಿ ಒಂದೇ ಮನೆಗೆ ಹೆಚ್ಚು. ಹೆಚ್ಚಿದ ದಿನವೇ ನೆರೆಹೊರೆಗೆ ಹೋಳು ಹೋಗಬೇಕು. ಅಂದು ಎಳ್ಳುಬೆಲ್ಲದ ತಟ್ಟೆಯ ಜೊತೆಗೆ ಹೋಳುಗಳೂ ಹೋದವು. ಹೆಚ್ಚಿದವರು ಯಾರೆಂದು ಒಬ್ಬರೂ ಕೇಳಲಿಲ್ಲ.

ಕಳೆದ ಸಂಕ್ರಾಂತಿಗೆ ನಾವು ಊರು ತಲಪುವ ವೇಳೆಗೆ ಕಾಯಿ ಹೆಚ್ಚಿ, ಹಂಚಿ, ಪಾತ್ರೆ ಒಲೆಯ ಮೇಲಿತ್ತು. ಅಮ್ಮ ಯಾರಿಗೂ ಕಾದಿರಲಿಲ್ಲ.

"ನನಗೇನೂ ಕೆಲಸ ಉಳಿಸಿಲ್ಲವಲ್ಲಮ್ಮ?" ಎಂದೆ.

"ತೆಂಗಿನಕಾಯಿ ಇದೆ, ತುರಿದುಕೊಡು" ಎಂದರು.

ತುರಿಯುವ ಮಣೆಯ ಮೇಲೆ ಕುಳಿತವನಿಗೆ ಅಧಿಕಾರ ಕಳೆದುಕೊಂಡ ತುಸು ಬೇಸರ; ಅದಕ್ಕಿಂತ ಹೆಚ್ಚಾಗಿ, ಒಂಟಿಯಾಗಿರುವ ಅಮ್ಮ ಹಬ್ಬ ಮಾಡಲು ಇನ್ನು ಯಾರ ದಾರಿಯನ್ನೂ ಕಾಯಬೇಕಿಲ್ಲವೆಂಬ ನೆಮ್ಮದಿ.