ಲೂಸಿ ಮತ್ತು ಲೂಸಿಲ್

1952ರಲ್ಲಿ ಪ್ರಸಾರವಾದ, ಅಮೆರಿಕದ ಟಿವಿ ಹಾಸ್ಯ ಸರಣಿ ‘ಐ ಲವ್ ಲೂಸಿ’ಯ ಒಂದು ಕಂತಿನಲ್ಲಿ ಗಂಡ-ಹೆಂಡತಿ ಕೆಲಸ ಅದಲು ಬದಲು ಮಾಡಿಕೊಳ್ಳುತ್ತಾರೆ. ಚಾಕೊಲೇಟ್ ಕಾರ್ಖಾನೆಯಲ್ಲಿ ಕನ್ವೇಯರ್ ಬೆಲ್ಟಿನ ವೇಗ ಹೆಚ್ಚಿದಂತೆ ಲೂಸಿ ಚಾಕೊಲೇಟುಗಳನ್ನು ಬಾಯಿಗೆ, ಟೋಪಿಗೆ ತುರುಕಿಕೊಳ್ಳುತ್ತಾಳೆ. ಮನೆಯಲ್ಲಿ ಗಂಡ ರಿಕಿ ಇಟ್ಟ ಅನ್ನ ಉಕ್ಕಿ ನೆಲಕ್ಕೆ ಹರಿಯುತ್ತದೆ. ಕೊನೆಗೆ ಎಲ್ಲರೂ ತಂತಮ್ಮ ಜಾಗಕ್ಕೆ ವಾಪಸ್. ನಗು ಅದ್ಭುತ, ತೀರ್ಮಾನ ಮಾತ್ರ ಹಳೆಯದೇ: ಹೆಂಗಸಿಗೆ ಅಡುಗೆಮನೆ, ಗಂಡಸಿಗೆ ಸಂಬಳ.

ಆದರೆ ಲೂಸಿಯ ಪಾತ್ರ ಮಾಡಿದ ಲೂಸಿಲ್ ಬಾಲ್ 1962ರಲ್ಲಿ, ಮಾಜಿ ಪತಿ ಡೆಸಿ ಅರ್ನಾಜ್ ಅವರ ಪಾಲನ್ನೂ ಕೊಂಡುಕೊಂಡು ಡೆಸಿಲು ಸ್ಟುಡಿಯೋದ ಮುಖ್ಯಸ್ಥೆಯಾದರು. ‘ಸ್ಟಾರ್ ಟ್ರೆಕ್’ ಟಿವಿ ಸರಣಿ ಶುರುವಾದದ್ದು ಅಲ್ಲೇ! ತೆರೆಯ ಮೇಲಿನ ಲೂಸಿಗೆ ಆ ಬದುಕು ಸಿಗಲಿಲ್ಲ. ಅಡುಗೆ ಬಾರದ ಗಂಡನನ್ನು ನೋಡಿ ನಾವು ಈಗಲೂ ನಗುತ್ತೇವೆ. ಅವನು ಕಲಿಯಲಿ ಎಂದು ಕೇಳುವುದು ಯಾವಾಗ?