ಎಲೆ ತಿರುಗಿಸಿ ನೋಡಿ

ನಮ್ಮ ಹಿಂದೂಪುರದ ಕಡೆ ದೊಡ್ಡ ಮರ ಕಂಡರೆ ಸಾಕು, ಆಲ ಅಂದುಬಿಡುತ್ತೇವೆ. ಹತ್ತಿರ ಹೋಗಿ ನೋಡಬೇಕು. ಆಲದ ಎಲೆ ದಪ್ಪ, ಅಗಲ, ತುದಿ ಮೊಂಡು. ಕೆಂಪು ಹಣ್ಣು ತೊಟ್ಟಿಲ್ಲದೆ ಜೋಡಿಜೋಡಿಯಾಗಿ ರೆಂಬೆಗೇ ಅಂಟಿರುತ್ತದೆ. ಅರಳಿ ಎಲೆಗೆ ಉದ್ದ ಬಾಲ, ತಪ್ಪುವ ಮಾತೇ ಇಲ್ಲ. ಬಸರಿ ಅರಳಿಯ ತಮ್ಮನ ಹಾಗೆ, ಬಾಲ ಗಿಡ್ಡ. ಎಲೆಯೆಲ್ಲ ಉದುರಿಸಿ ಒಮ್ಮೆಗೇ ತಾಮ್ರದ ಬಣ್ಣದ ಚಿಗುರು ಬಿಡುತ್ತದೆ. ಅತ್ತಿ ಕಾಂಡದ ಮೇಲೇ ಗೊಂಚಲಾಗಿ ಕಾಯಿ ಬಿಡುತ್ತದೆ. ಗೋಣಿಯ ಎಳೆ ಎಲೆ ತಿರುಗಿಸಿ ಸವರಿದರೆ ನವಿರಾದ ಕಂದು ರೋಮ ಬೆರಳಿಗೆ ತಾಕುತ್ತದೆ.

ಬೆಳೆಸಲು ನರ್ಸರಿಯೇ ಬೇಕೆಂದಿಲ್ಲ. ತೋಳುಗಾತ್ರದ ಆಲದ ಕೊಂಬೆ ಕಡಿದು, ಹಾಲು ಆರುವವರೆಗೆ ನೆರಳಲ್ಲಿಟ್ಟು, ಮುಂಗಾರಿಗೆ ಆಳವಾಗಿ ನೆಟ್ಟು, ತುದಿಗೆ ಸಗಣಿ ಮೆತ್ತಿದರೆ ಚಿಗುರುತ್ತದೆ. ಮೊದಲೆರಡು ಬೇಸಿಗೆ ನೀರು ತಪ್ಪಿಸಬೇಡಿ. ಅನಂತಪುರ ಸೀಮೆಯ ಬಿಸಿಲು ಸಾಮಾನ್ಯದ್ದಲ್ಲ. ಮನೆಗೋಡೆ, ಬಾವಿಯಿಂದ ಮಾತ್ರ ದೂರವಿರಲಿ.

ಜಾಗ ಕೊಟ್ಟರೆ ಎಷ್ಟು ಹರಡೀತು ಅನ್ನುವವರು ಕದಿರಿ ಹತ್ತಿರದ ತಿಮ್ಮಮ್ಮ ಮರ್ರಿಮಾನು ನೋಡಿಬನ್ನಿ. 1989ರಲ್ಲಿ ಗಿನ್ನೆಸ್ ದಾಖಲೆ ಸೇರಿದ ಆ ಒಂದೇ ಆಲ ನಾಲ್ಕೂವರೆ ಎಕರೆಗೂ ಮಿಕ್ಕಿ ಹರಡಿದೆ.

ಈ ಮಳೆಗೆ ನಮ್ಮ ಕೆರೆ ಏರಿ ಕೆಳಗೆ ಗೋಣಿ ನೆಡಬೇಕು ಅಂತಿದ್ದೇನೆ. ಒಳ್ಳೆಯ ಕೊಂಬೆ ಇದ್ದವರು ತಿಳಿಸಿ.